ಮಧ್ಯಾಹ್ನದ ಕಪ್ಪು ಆಕಾಶ

ಜೂನ್ 9

ಅಪ್ಪನಿಗೆ ಯಾಕಮ್ಮನ ನಮಸ್ಕಾರಗಳು.

ತಲುಪಿದೆ, ಚೆನ್ನಾಗಿದ್ದೇನೆ ಎಂದು ಎರಡು ಸಾಲು ಗೀಚಿ ಸುಮ್ಮನಾದೆನೆಂದು ನೀವು ಮುಖ ಊದಿಸಿಕೊಂಡಿರುತ್ತೀರಿ. ಮದುವೆಯಾಗಿ ಎರಡು ತಿಂಗಳಾದರೂ ಈ ಮನೆಯ ಮೆಟ್ಟಿಲು ನನ್ನ ಕಾಲಿಗೆ ಇನ್ನೂ ಪಳಗಿಲ್ಲ. ಕೆಳಗೆ ಫೋಟೋ ಸ್ಟುಡಿಯೋ, ಮೇಲೆ ಮನೆ. ಮೆಟ್ಟಿಲು ಹತ್ತಿದ ಕೂಡಲೇ ಸಿಗುವುದು ನನ್ನ ಕೆಲಸದ ಕೋಣೆ. ಹೌದು, ನನಗೂ ಕೆಲಸ ಕೊಟ್ಟಿದ್ದಾರೆ! ಕಪ್ಪು-ಬಿಳುಪು ಫೋಟೋಗಳಿಗೆ ಬಣ್ಣ ಹಚ್ಚುವುದು. ಕಡ್ಡಿಯ ತುದಿಗೆ ಹತ್ತಿ ಸುತ್ತಿ, ಬಣ್ಣದಲ್ಲಿ ಅದ್ದಿ, ತಿಕ್ಕಿ ತಿಕ್ಕಿ ಹರಡಬೇಕು. ಮೊನ್ನೆ ಒಬ್ಬ ಬಸ್ ಕಂಡಕ್ಟರಿಗೆ ತುಟಿಯ ಕೆಂಪು ಜಾಸ್ತಿಯಾಗಿ, ಮೀಸೆ ಇರುವ ರಾಜಕುಮಾರಿಯ ಹಾಗೆ ಕಂಡ. ನಾನು ನಕ್ಕೆ. ಇವರು ನಗಲಿಲ್ಲ.

ಕಿಟಕಿಗೆ ಕಪ್ಪು ಕಾಗದ ಅಂಟಿಸಿದ್ದಾರೆ. ಬಿಸಿಲು ಬಿದ್ದರೆ ಫೋಟೋ ಮಾಸುತ್ತದಂತೆ. ಹಗಲೂ ದೀಪದಲ್ಲೇ ಕೆಲಸ. ನನ್ನ ಪತ್ರಕ್ಕೆ ಅಂಟು ಹಚ್ಚಿ ಅಂಚೆಗೆ ಹಾಕುವುದು ಇವರೇ. ನಿಮ್ಮ ಪತ್ರ ಬಂದರೂ ಮೊದಲು ತಾವು ಓದಿ ಆಮೇಲೆ ನನಗೆ ಕೊಡುತ್ತಾರೆ. "ನನ್ನ ಹೆಂಡ್ತಿಗೆ ಬಂದಿದ್ದು ನನಗೂ ಬಂದ ಹಾಗೇ ಅಲ್ವಾ?" ಎನ್ನುತ್ತಾರೆ.

ಒಂದು ಸಂದೇಹ. ಫೋಟೋದ ಆಕಾಶಕ್ಕೆ ಮೇಲಿಂದ ಕೆಳಗಿನವರೆಗೆ ಒಂದೇ ನೀಲಿ ಹಚ್ಚು ಅನ್ನುತ್ತಾರೆ ಇವರು. ನನ್ನ ಕಣ್ಣಿಗೆ ಅದು ಬಣ್ಣ ಬಳಿದ ಗೋಡೆಯ ಹಾಗೆ ಕಾಣುತ್ತದೆ. ಬುಡದಲ್ಲಿ ನೀಲಿ ತೆಳುವಾಗಬೇಕಲ್ಲವೇ? ಯಾಕೆ?

ನಿಮ್ಮ
ಯಾಕಮ್ಮ

ಜೂನ್ 18

ಚಿರಂಜೀವಿ ಯಾಕಮ್ಮನಿಗೆ ಆಶೀರ್ವಾದಗಳು.

ಪತ್ರದ ಕೊನೆಯ ಮಾತು 'ಯಾಕೆ' ಎಂದು ಓದಿದ ಮೇಲೆ ಇದು ನನ್ನ ಮಗಳ ಪತ್ರವೇ ಸರಿ ಎಂದು ಸಮಾಧಾನವಾಯಿತು. ದೊಡ್ಡತ್ತೆಗೆ ಗಟ್ಟಿಯಾಗಿ ಓದಿ ಹೇಳಿದೆ. ಮೀಸೆಯ ರಾಜಕುಮಾರಿಗೆ ಅವಳು ನಕ್ಕು ನಕ್ಕು ಕೆಮ್ಮು ಹತ್ತಿಸಿಕೊಂಡಳು. ಆಮೇಲೆ, "ಹಗಲು ಹೊತ್ತಲ್ಲೂ ದೀಪಾನಾ?" ಎಂದು ಕೇಳಿದಳು. ಅದು ಫೋಟೋ ಕೆಲಸದ ಶಿಸ್ತು ಎಂದು ತಿಳಿಸಿ ಹೇಳಿದೆ.

ನಿನ್ನ ಕಣ್ಣು ಸರಿಯಾಗಿದೆ, ಅಳಿಯಂದಿರ ನೀಲಿ ತಪ್ಪು. (ಅಳಿಯಂದಿರೇ, ಓದುತ್ತಿದ್ದರೆ ಮೇಷ್ಟರ ಬಾಯಿ ಎಂದು ಕ್ಷಮಿಸಿ.) ಸೂರ್ಯನ ಬೆಳಕಿನಲ್ಲಿ ಎಲ್ಲ ಬಣ್ಣಗಳೂ ಕೂಡಿಯೇ ಹೊರಡುತ್ತವೆ. ಗಾಳಿಯ ಸಣ್ಣ ಸಣ್ಣ ಕಣಗಳಿಗೆ ಬಡಿದಾಗ ನೀಲಿ ಸುಲಭವಾಗಿ ದಿಕ್ಕುದಿಕ್ಕಿಗೆ ಚೆದುರುತ್ತದೆ. ಕೆಂಪು ಹೆಚ್ಚು ಚೆದುರದೆ ನೇರ ನಡೆಯುತ್ತದೆ. ಹಾಗೆ ಚೆದುರಿದ ನೀಲಿ ಎಲ್ಲ ಕಡೆಯಿಂದಲೂ ನಮ್ಮ ಕಣ್ಣಿಗೆ ಬೀಳುವುದರಿಂದ ಆಕಾಶ ನೀಲಿ. ದಿಗಂತದ ಕಡೆ ನೋಡಿದರೆ ನಮಗೂ ಆಚೆಗೂ ನಡುವೆ ಗಾಳಿ ಬಹಳ. ಅಲ್ಲಿ ಬೆಳಕು ಚೆದುರಿದ್ದೇ ಮತ್ತೆ ಚೆದುರಿ, ಎಲ್ಲ ಬಣ್ಣ ಕಲೆತು, ನೀಲಿ ಬಿಳಿಚಿಕೊಳ್ಳುತ್ತದೆ.

ಇದೆಲ್ಲ ನಿನಗೆ ಹೊಸದಲ್ಲ. ಒಂಬತ್ತು ವರ್ಷದವಳಿದ್ದಾಗ ಗಾಜಿನ ಲೋಟದ ನೀರಿಗೆ ನಾಲ್ಕು ಹನಿ ಹಾಲು ಹಾಕಿ, ಟಾರ್ಚ್ ಬಿಟ್ಟು, ಪಕ್ಕದಿಂದ ನೋಡಿದರೆ ನೀಲಿ, ಎದುರಿನಿಂದ ನೋಡಿದರೆ ಕಿತ್ತಳೆ ಎಂದು ನೀನೇ ಕಂಡುಹಿಡಿದು ಮನೆಯೆಲ್ಲ ಕುಣಿದಿದ್ದೆ. ನನ್ನ ಮೂವತ್ತೊಂದು ವರ್ಷದ ಮೇಷ್ಟರಿಕೆಯಲ್ಲಿ ಆ ಪಾಠ ಒಂದೇ ಸಲಕ್ಕೆ ಹತ್ತಿದ್ದು ನಿನ್ನೊಬ್ಬಳಿಗೆ.

ನಿನ್ನ
ಅಪ್ಪ

ಜುಲೈ 28

ಅಪ್ಪನಿಗೆ ನಮಸ್ಕಾರಗಳು.

ನಾನಿಲ್ಲಿ ಬಹಳ ಕ್ಷೇಮ. ಯಾವುದಕ್ಕೂ ಕೊರತೆಯಿಲ್ಲ. ಇವರು ಕಣ್ಣಲ್ಲಿ ಕಣ್ಣಿಟ್ಟು ನೋಡಿಕೊಳ್ಳುತ್ತಾರೆ. ಕೆಲಸ ಹೆಚ್ಚಾದ್ದರಿಂದ ಬೇಗ ಬರೆಯಲಾಗಲಿಲ್ಲ. ನೀವು ಬರುತ್ತೇನೆ ಎಂದು ಬರೆದಿದ್ದಿರಂತೆ. ಸದ್ಯಕ್ಕೆ ಬೇಡ, ಮನೆಯ ಗೋಡೆಗಳ ರಿಪೇರಿ ನಡೆದಿದೆ.

ದಿನವೂ ಮಧ್ಯಾಹ್ನ ತಾರಸಿಗೆ ಹೋಗಿ ಆಕಾಶ ನೋಡುತ್ತೇನೆ. ನೀವು ಹೇಳಿಕೊಟ್ಟದ್ದು ನೆನಪಿದೆ. ಸಮುದ್ರದ ನೀಲಿ ಮೇಲೆ ಪ್ರತಿಫಲಿಸುವುದರಿಂದ ಆಕಾಶ ನೀಲಿಯಾಗಿದೆ. ಸೂರ್ಯ ನೆತ್ತಿಯ ಮೇಲೆ ಬಂದಾಗ ಬೆಳಕು ತುಂಬ ದೂರ ನಡೆದು ಬರಬೇಕಾದ್ದರಿಂದ ಮಧ್ಯಾಹ್ನ ಹನ್ನೆರಡಕ್ಕೆ ಇಲ್ಲಿ ಸೂರ್ಯ ಕೆಂಪಗಿರುತ್ತಾನೆ. ನೋಡಲು ಬಹಳ ಚೆಂದ. ದೊಡ್ಡತ್ತೆಗೂ ಓದಿ ಹೇಳಿ.

ನಿಮ್ಮ ಮಗಳು

ಆಗಸ್ಟ್ 5

ಯಾಕಮ್ಮ,

ಸೊನ್ನೆ! ಕೆಂಪು ಶಾಯಿಯಲ್ಲಿ ದೊಡ್ಡ ಸೊನ್ನೆ!

ನನ್ನ ಮಗಳೇ ಆಕಾಶ ಸಮುದ್ರದ ಕನ್ನಡಿ ಅಂದರೆ ನಾನು ಯಾರ ಮುಂದೆ ಮುಖ ಎತ್ತಿ ತಿರುಗಲಿ? ಹಾಗಿದ್ದರೆ ಸಮುದ್ರವೇ ಇಲ್ಲದ ಕಡೆ ಆಕಾಶ ಹೊಲದ ಬಣ್ಣಕ್ಕಿರಬೇಕಿತ್ತು. ಇನ್ನು ನೆತ್ತಿಯ ಮೇಲಿನ ಸೂರ್ಯನ ಬೆಳಕಿಗೆ ದಾರಿ ಹತ್ತಿರ, ಸಂಜೆಯ ಸೂರ್ಯನದಕ್ಕೆ ದೂರ. ದೂರದ ದಾರಿಯಲ್ಲಿ ನೀಲಿಯೆಲ್ಲ ಚೆದುರಿಹೋಗಿ ಕೊನೆಗೆ ಕೆಂಪು ಉಳಿಯುತ್ತದೆ. ನೀನು ಬುಡಮೇಲು ಮಾಡಿಬಿಟ್ಟಿದ್ದೀಯ. ಮದುವೆಯಾದ ನಾಲ್ಕು ತಿಂಗಳಿಗೇ ಓದಿದ್ದೆಲ್ಲ ಗಾಳಿಗೆ ತೂರಿದೆಯಾ?

ಗಮನವಿಟ್ಟು ಬರೆ. ಅಕ್ಷರವೂ ಮೊದಲಿನ ಹಾಗಿಲ್ಲ. ಕೊನೆಗೆ 'ಯಾಕಮ್ಮ' ಎಂದು ಸಹಿ ಹಾಕುವುದಕ್ಕೂ ಪುರಸೊತ್ತಿಲ್ಲವೇ? ಇನ್ನೊಂದು ಮಾತು. ನಾನು ಬರುತ್ತೇನೆ ಎಂದು ಬರೆದೇ ಇರಲಿಲ್ಲ. ಅದೂ ನಿನ್ನ ಮರೆವೇ ಇರಬೇಕು.

ಅಪ್ಪ

ಸೆಪ್ಟೆಂಬರ್ 12

ಅಪ್ಪನಿಗೆ ನಮಸ್ಕಾರಗಳು.

ತಪ್ಪಾಯಿತು. ಇನ್ನು ಮುಂದೆ ಸರಿಯಾಗಿ ನೋಡಿ ಬರೆಯುತ್ತೇನೆ. ಇವರೂ ನಿಮ್ಮ ಪತ್ರ ಓದಿ, "ನಿಮ್ಮಪ್ಪ ಪಾಠ ಬಿಟ್ಟು ಬೇರೆ ಮಾತೇ ಆಡಲ್ವಾ?" ಎಂದು ನಕ್ಕರು. ಬಹಳ ದಿನಕ್ಕೆ ನಕ್ಕರು. ಅದಕ್ಕೇ ಇನ್ನಷ್ಟು ಪಾಠ ಕಳಿಸಿ, ಬೇಸರವಿಲ್ಲ.

ನಾನು ಸರಿಯಾಗಿ ನೋಡಿದೆ ಅಪ್ಪ. ಇಲ್ಲಿ ಮಧ್ಯಾಹ್ನ ಆಕಾಶ ಕಪ್ಪು. ಮೋಡವಿಲ್ಲ, ಹೊಗೆಯಿಲ್ಲ. ಬೆಳಿಗ್ಗೆಯೂ ಕಪ್ಪು, ಸಂಜೆಯೂ ಕಪ್ಪು. ಹಗಲು ಆಕಾಶ ಕಪ್ಪಾಗಿರಬೇಕಾದರೆ ಏನು ಇರಬಾರದು ಎಂದು ನೀವು ಒಮ್ಮೆ ಕೇಳಿದ್ದಿರಿ. ನಾನು ಆಗ ಕೊಟ್ಟ ಉತ್ತರ ನೆನಪಿದ್ದರೆ ಅದಕ್ಕೆ ಎಷ್ಟು ಅಂಕ ಎಂದು ಬರೆಯಿರಿ.

ನಿಮ್ಮ ಮಗಳು

ಸೆಪ್ಟೆಂಬರ್ 20

ಯಾಕಮ್ಮ, ಈ ಪತ್ರವನ್ನು ನಾನು ಅಂಚೆಗೆ ಹಾಕುವುದಿಲ್ಲ. ಬರೆಯದೆ ಇರಲೂ ಆಗುತ್ತಿಲ್ಲ.

ನಿನ್ನ ಪತ್ರ ಬಂದಾಗ ಎಂದಿನಂತೆ ದೊಡ್ಡತ್ತೆಗೆ ಓದಿದೆ. ಓದಿ ಸಿಟ್ಟಿನಿಂದ, "ನೋಡಕ್ಕ, ಇವಳಿಗೆ ಏನಾಗಿದೆ? ಹಗಲು ಆಕಾಶ ಕಪ್ಪಂತೆ!" ಎಂದೆ.

ಅವಳು ಬಟ್ಟೆ ಮಡಿಸುತ್ತಿದ್ದಳು. ಕೈ ನಿಲ್ಲಿಸಿ, "ಅದು ಯಾವಾಗ ಕಪ್ಪಾಗತ್ತೆ?" ಎಂದಳು.

"ಗಾಳಿಯೇ ಇಲ್ಲದಿದ್ರೆ. ಚೆದುರಿಸೋಕೆ ಗಾಳಿ ಇಲ್ಲ ಅಂದ್ರೆ ಹಗಲಲ್ಲೂ ಆಕಾಶ ಕಪ್ಪೇ. ಆಗ ಇವಳೇ ಹೇಳಿದ್ಲು, ಅಂಥ ಕಡೆ ನಾವು ಬದುಕೋಕಾಗಲ್ಲ ಅಲ್ವಾ ಅಪ್ಪ ಅಂತ. ನೂರಕ್ಕೆ ನೂರು ಕೊಟ್ಟಿದ್ದೆ."

"ಮತ್ತೆ ಇನ್ನೇನು ಬರೀಬೇಕೋ ಅವಳು?" ದೊಡ್ಡತ್ತೆ ಎದ್ದು ನಿಂತಳು. "ಉಸಿರು ಕಟ್ತಾ ಇದೆ ಅಂತ ಬರೆದಿದಾಳೆ. ಎರಡು ತಿಂಗಳಿಂದ ಬರೀತಿದಾಳೆ. ನೀನು ಕೂತ್ಕೊಂಡು ಸೊನ್ನೆ ಹಾಕ್ತಾ ಇದೀಯ. ಅಕ್ಷರ ಬರದೋಳು ನಾನು, ನನಗೆ ತಿಳೀತು."

ಎಲ್ಲ ಪತ್ರಗಳನ್ನೂ ಹರಡಿಕೊಂಡು ಕೂತೆ. ನೀನು ಹುಟ್ಟಿದಂದಿನಿಂದ ಆಕಾಶದ ವಿಷಯದಲ್ಲಿ ಒಂದು ತಪ್ಪನ್ನೂ ಮಾಡಿದವಳಲ್ಲ. ಬೇರೆ ಯಾರಿಗೂ ಕಾಣದ, ನನಗೊಬ್ಬನಿಗೇ ಕಾಣಬೇಕಾದ ತಪ್ಪುಗಳನ್ನು ಹುಡುಕಿ ಹುಡುಕಿ ಬರೆದಿದ್ದೀಯ. ಬರುತ್ತೇನೆ ಎಂದು ನಾನು ಬರೆಯದಿದ್ದರೂ ಬರಬೇಡಿ ಎಂದು ನಿನ್ನ ಕೈಯಲ್ಲಿ ಬರೆಸಿದ್ದಾನೆ ನಿನ್ನ ಗಂಡ. ಅಂಗೈ ಹುಣ್ಣಿಗೆ ಕನ್ನಡಿ ಹುಡುಕಿದ ಹಾಗಾಯಿತು ನನ್ನ ಬಾಳು.

ಪೊಲೀಸರಲ್ಲಿಗೆ ಹೋದರೆ, 'ಬಹಳ ಕ್ಷೇಮ ಅಂತ ಅವಳೇ ಬರೆದಿದ್ದಾಳಲ್ಲ' ಎಂದು ಇದೇ ಪತ್ರವನ್ನು ತೋರಿಸುತ್ತಾರೆ. ಹೇಳದೆ ನುಗ್ಗಿದರೆ, ಅವನು ಬಾಗಿಲಲ್ಲಿದ್ದರೆ, ನಿನ್ನನ್ನು ಇನ್ನೆಲ್ಲಿಗೋ ಸಾಗಿಸಿದರೆ? ಅವನು ಮನೆಯಲ್ಲಿ ಇಲ್ಲದ ಹೊತ್ತು ಗೊತ್ತಾಗಬೇಕು. ನಾಳೆ ಪಾಠದ ಪತ್ರ ಬರೆಯುತ್ತೇನೆ. ಅವನು ಓದಿ ಆಕಳಿಸಬೇಕು, ಅಷ್ಟು ನೀರಸವಾಗಿ.

ಇನ್ನೊಂದು ಮಾತಿದೆ. ಅದನ್ನು ಅಂಚೆಗೆ ಹಾಕದ ಪತ್ರದಲ್ಲೂ ಬರೆಯಲು ಕೈ ಬರುತ್ತಿಲ್ಲ.

ಸೆಪ್ಟೆಂಬರ್ 21

ಚಿರಂಜೀವಿ ಮಗಳಿಗೆ ಆಶೀರ್ವಾದಗಳು.

ನಿನ್ನ ಅಂದಿನ ಉತ್ತರಕ್ಕೆ ನೂರಕ್ಕೆ ನೂರು ಅಂಕ. ಕಾಗದ ತಿದ್ದಿದ ಮೇಷ್ಟರೇ ದಡ್ಡ.

ನಿನ್ನ ನೆನಪು ಮಸುಕಾಗಿರುವುದರಿಂದ ಕೆಳಗಿನ ಪ್ರಶ್ನೆಗಳಿಗೆ ಉತ್ತರಿಸು. ಅವಸರವಿಲ್ಲ.

ಒಂದು: ಬೆಳಕು ಚೆದುರುವುದನ್ನು ಮನೆಯೊಳಗೇ ನೋಡುವುದು ಹೇಗೆ? ನಿನ್ನ ಕೋಣೆಯಲ್ಲಿ ಕಂಡದ್ದನ್ನೇ ಉದಾಹರಣೆ ಕೊಡು.

ಎರಡು: ಮೋಡ ಬಿಳಿಯಾಗಿ ಕಾಣುವುದೇಕೆ? ನೀನಿರುವ ಕಡೆ ಆಕಾಶ ಪೂರ್ತಿ ತಿಳಿಯಾಗಿರುವುದು ವಾರದ ಯಾವ ದಿನ, ಯಾವ ಹೊತ್ತಿನಲ್ಲಿ? ನಾಲ್ಕು ವಾರ ಗಮನಿಸಿ ಬರೆ.

ಅಳಿಯಂದಿರಿಗೆ ನನ್ನ ನಮಸ್ಕಾರ. ಮುದುಕರ ಚಟ, ಸಹಿಸಿಕೊಳ್ಳಲಿ.

ಅಪ್ಪ

ಅಕ್ಟೋಬರ್ 19

ಅಪ್ಪನಿಗೆ ನಮಸ್ಕಾರಗಳು.

ಉತ್ತರ ಒಂದು: ಕೋಣೆ ಕತ್ತಲಾಗಿರಬೇಕು. ನನ್ನ ಕೋಣೆಯ ಬಾಗಿಲು ಮುಚ್ಚಿದಾಗ ಸಂದಿನಿಂದ ಒಂದು ಗೆರೆ ಬೆಳಕು ಬರುತ್ತದೆ. ಅದರ ದಾರಿಯಲ್ಲಿ ದೂಳಿನ ಕಣಗಳು ಹೊಳೆಯುತ್ತವೆ. ಆ ಗೆರೆಗೆ ಅಡ್ಡಲಾಗಿ, ಹೊರಗಡೆ, ದಪ್ಪನೆಯದೊಂದು ನೆರಳು ತೂಗುತ್ತಿರುತ್ತದೆ. ಬೆಳಿಗ್ಗೆಯಿಂದ ಸಂಜೆಯವರೆಗೂ ನೋಡಿದ್ದೇನೆ. ನೂರಾ ಎಂಟು ದಿನ ನೋಡಿದ್ದೇನೆ.

ಉತ್ತರ ಎರಡು: ಮೋಡದ ಹನಿಗಳು ದೊಡ್ಡವು, ಎಲ್ಲ ಬಣ್ಣಗಳನ್ನೂ ಒಂದೇ ಸಮನೆ ಚೆದುರಿಸುವುದರಿಂದ ಬಿಳಿ. ಇಲ್ಲಿ ವಾರವಿಡೀ ಮೋಡ. ಗುರುವಾರ ಮಾತ್ರ ಹನ್ನೊಂದರಿಂದ ಎರಡರವರೆಗೆ ಆಕಾಶ ಪೂರ್ತಿ ತಿಳಿ. ನಾಲ್ಕು ವಾರವೂ ತಪ್ಪಿಲ್ಲ. ಎರಡಕ್ಕೆ ಮತ್ತೆ ಕವಿಯುತ್ತದೆ.

ಈ ಸಲ ಸರಿಯಾಗಿ ತಿದ್ದಿ ಅಪ್ಪ.

ನಿಮ್ಮ
ಯಾಕಮ್ಮ

ನವೆಂಬರ್ 18

ಯಾಕಮ್ಮ,

ನೀನು ಈಗ ಇರುವ ಹಾಸ್ಟೆಲಿನ ವಾರ್ಡನ್ ನನ್ನ ಹಳೆಯ ವಿದ್ಯಾರ್ಥಿನಿ. ಈ ಪತ್ರವನ್ನು ಒಡೆಯದೆ ನಿನ್ನ ಕೈಗೆ ಕೊಡುತ್ತಾಳೆ. ರೈಲಿನಲ್ಲಿ ನಾವಿಬ್ಬರೂ ಮಾತಾಡಲಿಲ್ಲ. ಮನೆಯಲ್ಲಿದ್ದ ಮೂರು ದಿನವೂ ನೀನು ತಾರಸಿಯ ಮೇಲೇ ಕೂತಿದ್ದೆ. ನಾಲ್ಕನೆಯ ದಿನ, "ಇಲ್ಲಿ ಬೇಡ ಅಪ್ಪ" ಎಂದು ಹೊರಟೆ. ಹಾಗಾಗಿ ನಿನಗೆ ಕಾಣದೆ ನಡೆದದ್ದನ್ನು ಬರೆಯುತ್ತೇನೆ.

ಆ ಗುರುವಾರ ಹನ್ನೊಂದು ಕಾಲಿಗೆ ನಾನೂ ದೊಡ್ಡತ್ತೆಯೂ ಗಿರಾಕಿಗಳ ಹಾಗೆ ಸ್ಟುಡಿಯೋಕ್ಕೆ ಹೋದೆವು. ಅವನ ತಾಯಿ ಒಬ್ಬರೇ ಇದ್ದರು. ದೊಡ್ಡತ್ತೆ ಹೋಗಿ, ಮೋಡ ಬರೆದ ಪರದೆಯ ಮುಂದೆ ಕುರ್ಚಿಯಲ್ಲಿ ಕೂತೇಬಿಟ್ಟಳು.

"ನಮ್ಮ ಹುಡುಗೀನ ಕರೀರಿ. ಜೊತೇಲಿ ಒಂದು ಫೋಟೋ ಆಗ್ಲಿ."

"ಅವಳಿಗೆ ಹುಷಾರಿಲ್ಲ. ಮಲಗಿದಾಳೆ."

"ಹಾಗಾದ್ರೆ ನಾವೇ ಹೋಗಿ ಮಾತಾಡಿಸ್ತೀವಿ."

ಮೇಲೆ ಹೋದರೆ ನಿನ್ನ ಕೋಣೆಗೆ ನನ್ನ ಮುಷ್ಟಿಯಷ್ಟು ದೊಡ್ಡ ಬೀಗ. ದೊಡ್ಡತ್ತೆ ತಿರುಗಿ, ಹಿಂದೆಯೇ ಬಂದಿದ್ದ ಅವರನ್ನು ಕೇಳಿದಳು, "ಹುಷಾರಿಲ್ಲದೋಳು ಹೊರಗಿಂದ ಬೀಗ ಹಾಕ್ಕೊಂಡು ಮಲಗ್ತಾಳಾ ಅಮ್ಮ?"

ಅವರು ಕೆಳಗಿಳಿದು ಹೋದರು. ಮಗನಿಗೆ ಹೇಳಿಕಳಿಸಲು ಹೋದರೆಂದೇ ತಿಳಿದೆ. ಅವರು ಫೋಟೋಗಳಿಗೆ ಕಟ್ಟು ಹಾಕುವ ಸುತ್ತಿಗೆ ಹಿಡಿದು ವಾಪಸ್ ಬಂದರು. "ಕೀಲಿ ಅವನ ಹತ್ರ ಇದೆ. ನನ್ನ ಹತ್ರ ಇರೋದು ಇದೇ," ಎಂದು ನನ್ನ ಕೈಗೆ ಕೊಟ್ಟರು. "ಮೊದಲನೆಯವಳು ಕೂಗ್ತಾ ಇದ್ಲು. ಆಗ ನಾನು ಕಿವಿ ಮುಚ್ಕೊಂಡಿದ್ದೆ."

ಐದನೆಯ ಏಟಿಗೆ ಬೀಗದ ಕೊಂಡಿ ಕಿತ್ತು ಬಂತು. ನೀನು ಬಾಗಿಲ ಹಿಂದೆಯೇ, ಚಪ್ಪಲಿ ಹಾಕಿಕೊಂಡು, ಬಣ್ಣದ ಕೈಗಳನ್ನು ಎದೆಗೆ ಒತ್ತಿಕೊಂಡು ನಿಂತಿದ್ದೆ. ಬೀದಿಗೆ ಬಂದಾಗ ಬಿಸಿಲಿಗೆ ಕಣ್ಣು ಬಿಡಲಾರದೆ ದೊಡ್ಡತ್ತೆಯ ಭುಜಕ್ಕೆ ಮುಖ ಒತ್ತಿದೆ. ದೊಡ್ಡತ್ತೆ ಅವನ ತಾಯಿಯನ್ನೂ ಜೊತೆಗೆ ಕರೆದಳು. "ನಾನೆಲ್ಲಿಗೆ ಬರ್ಲಿ? ಅವನು ನನ್ನ ಮಗ," ಎಂದು ಅವರು ಒಳಗೆ ಹೋದರು.

ಈಗ ಆ ಇನ್ನೊಂದು ಮಾತು.

ಅವನಿಗೆ ಮೊದಲು ಮದುವೆಯಾಗಿತ್ತು, ಹೆಂಡತಿ ಬಿಟ್ಟುಹೋದಳು ಎಂದು ನಿನಗೆ ಹೇಳಿದ್ದೆ. ನೀನು, "ಯಾಕೆ ಹೋದಳು?" ಎಂದು ಕೇಳಿದೆ. ಗೊತ್ತಿಲ್ಲ ಎಂದೆ. ಸುಳ್ಳು ಯಾಕಮ್ಮ. ಮದುವೆಗೆ ಮೂರು ವಾರ ಮೊದಲು ಆ ಹೆಣ್ಣಿನ ಅಣ್ಣ ನನಗೆ ಪತ್ರ ಬರೆದಿದ್ದ. 'ನನ್ನ ತಂಗಿಯನ್ನು ಹನ್ನೊಂದು ತಿಂಗಳು ಕೋಣೆಯಲ್ಲಿ ಕೂಡಿಹಾಕಿದ್ದ. ನಿಮ್ಮ ಮಗಳನ್ನು ಕೊಡಬೇಡಿ' ಎಂದು. ನಾನು ಅವನನ್ನೇ ಕೇಳಿದೆ. ಹೊಟ್ಟೆಕಿಚ್ಚಿನ ಜನ ಎಂದು ನಕ್ಕ. ಹೆಣ್ಣು ನೋಡಲು ಬಂದ ದಿನ ನನ್ನ ಜೊತೆ ಮಸೂರ, ಬೆಳಕು ಎಂದು ಎರಡು ಗಂಟೆ ಮಾತಾಡಿದ್ದ. ಇಷ್ಟು ತಿಳಿದವನು ಕೆಟ್ಟವನಿರಲಾರ ಎಂದುಕೊಂಡೆ. ಪತ್ರವನ್ನು ನಿನಗೂ ತೋರಿಸಲಿಲ್ಲ, ದೊಡ್ಡತ್ತೆಗೂ ಓದಿ ಹೇಳಲಿಲ್ಲ.

ಅದನ್ನು ಇದರ ಜೊತೆ ಇಟ್ಟಿದ್ದೇನೆ. ನಿನಗೆ ಬರಬೇಕಾಗಿದ್ದ ಪತ್ರ. ಕ್ಷಮಿಸುತ್ತೀಯಾ ಎಂದು ಕೇಳುವ ಮುಖವೂ ನನಗಿಲ್ಲ, ಆದರೂ ಕೇಳುತ್ತಿದ್ದೇನೆ.

ಅಪ್ಪ

ಫೆಬ್ರವರಿ 16

ಅಪ್ಪನಿಗೆ,

ಮೂರು ತಿಂಗಳು ಬರೆಯಲಿಲ್ಲ. ಕೆಲಸ ಹೆಚ್ಚಾಗಿ ಅಲ್ಲ. ಬರೆಯಲು ಮನಸ್ಸಿರಲಿಲ್ಲ. ಈಗ ನನ್ನ ಪತ್ರಕ್ಕೆ ನಾನೇ ಅಂಟು ಹಚ್ಚುತ್ತೇನೆ, ಹಚ್ಚದೆಯೂ ಇರಬಲ್ಲೆ. ಆ ಸುಖವನ್ನು ಸ್ವಲ್ಪ ದಿನ ಅನುಭವಿಸಿದೆ.

ನಿಮ್ಮ ಸೊನ್ನೆಯ ಪತ್ರವನ್ನು ಇವರು — ನೋಡಿ, ಇನ್ನೂ 'ಇವರು' ಎಂದೇ ಬರುತ್ತದೆ — ಅವನು ನನ್ನೆದುರು ಗಟ್ಟಿಯಾಗಿ ಓದಿದ್ದ. ಅಪ್ಪನಿಗೆ ಗೊತ್ತಾಗಲೇ ಇಲ್ಲ ಎಂದು ಅವತ್ತು ಎಷ್ಟು ಅತ್ತೆ ಎಂದರೆ, ನನ್ನ ಮುಂದಿದ್ದ ಯಾರದೋ ಮದುವೆಯ ಫೋಟೋ ಒದ್ದೆಯಾಗಿ ಹಾಳಾಯಿತು. ಅದಕ್ಕೆ ಎರಡು ದಿನ ಊಟ ಇಲ್ಲ. ಪ್ರಶ್ನೆಗಳ ಪತ್ರ ಬಂದ ಮೇಲೆ ಪ್ರತಿ ಗುರುವಾರವೂ ಹನ್ನೊಂದಕ್ಕೆ ಚಪ್ಪಲಿ ಹಾಕಿಕೊಂಡು ನಿಲ್ಲುತ್ತಿದ್ದೆ, ಎರಡಕ್ಕೆ ಬಿಚ್ಚಿಡುತ್ತಿದ್ದೆ. ಐದು ಗುರುವಾರ. ಆರನೆಯದಕ್ಕೆ ಸುತ್ತಿಗೆಯ ಸದ್ದು ಕೇಳಿತು.

ನೀವು ಬಂದಿರಿ. ಅದನ್ನು ಮರೆಯುವುದಿಲ್ಲ. ನೀವೇ ಕಳಿಸಿದಿರಿ. ಅದನ್ನೂ ಮರೆಯುವುದಿಲ್ಲ. ಕ್ಷಮಿಸಿದ್ದೇನೆಯೇ ಎಂದರೆ ಗೊತ್ತಿಲ್ಲ. ನಾನು ಯಾಕೆ ಎಂದು ಕೇಳಿದಾಗ ನೀವು ಮೊದಲ ಸಲ ಸುಳ್ಳು ಹೇಳಿದ್ದು, ಅದೂ ಆ ಪ್ರಶ್ನೆಗೆ.

ಕಳೆದ ವಾರ ಆ ಹಳೆಯ ಪತ್ರದ ಮೇಲಿದ್ದ ವಿಳಾಸ ಹುಡುಕಿಕೊಂಡು ಹೋದೆ. ಅಕ್ಕ (ಅವನ ಮೊದಲನೆಯ ಹೆಂಡತಿಯನ್ನು ಹಾಗೆಯೇ ಕರೆಯುತ್ತೇನೆ) ಅಣ್ಣನ ಮನೆಯಲ್ಲಿ ಶಾಲೆಯ ಮಕ್ಕಳ ಅಂಗಿ ಹೊಲಿಯುತ್ತಾರೆ. ಹೊಲಿಗೆ ಯಂತ್ರ ಹೊಸ್ತಿಲ ಪಕ್ಕದಲ್ಲೇ ಇದೆ. ಅವರ ಕೋಣೆಯ ಬಾಗಿಲಿಗೆ ಚಿಲಕವಿಲ್ಲ, ಕಿತ್ತಿಸಿದ್ದಾರೆ. ನನ್ನನ್ನು ಕಂಡ ಕೂಡಲೇ ಕೈ ಹಿಡಿದು ಉಗುರು ನೋಡಿದರು. ಸಂದಿಯಲ್ಲಿ ಇನ್ನೂ ನೀಲಿ ಉಳಿದಿತ್ತು. "ಸೀಮೆಎಣ್ಣೆಗೂ ಹೋಗಲ್ಲ. ಉಗುರು ಬೆಳೆದೇ ಹೋಗ್ಬೇಕು," ಎಂದರು. ಇಬ್ಬರೂ ನಕ್ಕೆವು. ಆಮೇಲೆ ಬಹಳ ಹೊತ್ತು ನಗಲಿಲ್ಲ.

ಅಪ್ಪ, ಅವನು ಮತ್ತೆ ಹೆಣ್ಣು ನೋಡಿದ್ದಾನೆ. ಇಬ್ಬರು ಹೆಂಡಿರೂ ಓಡಿಹೋದರು ಎಂದು ಹೇಳಿಕೊಂಡು ತಿರುಗುತ್ತಿದ್ದಾನಂತೆ. ಹುಡುಗಿಯ ತಂದೆ ನಿಮ್ಮ ಪಕ್ಕದ ಊರಿನಲ್ಲಿ ಶಾಲೆಯ ಗುಮಾಸ್ತರು. ಅಕ್ಕನೂ ನಾನೂ ಎರಡು ದಿನ ಕೂತು ಅವರಿಗೊಂದು ಪತ್ರ ಬರೆದಿದ್ದೇವೆ. ಇದರಲ್ಲಿ ಆಕಾಶವಿಲ್ಲ, ಬಣ್ಣವಿಲ್ಲ. ಬೀಗ, ಊಟ, ಏಟು, ತಾರೀಖು, ಅಷ್ಟೇ. ಇಬ್ಬರೂ ಸಹಿ ಹಾಕಿದ್ದೇವೆ. ಪೊಲೀಸರಿಗೂ ಒಂದು ಪ್ರತಿ ಕೊಟ್ಟಿದ್ದೇವೆ. ಅವರು ಯಾವಾಗ ಓದುತ್ತಾರೋ ಓದಲಿ. ಗುಮಾಸ್ತರು ಈ ವಾರವೇ ಓದಬೇಕು.

ಕೆಳಗೆ ಮೂರನೆಯ ಸಹಿಗೆ ಜಾಗ ಬಿಟ್ಟಿದ್ದೇವೆ. 'ಇಂಥದೇ ಪತ್ರ ನನಗೂ ಬಂದಿತ್ತು, ಓದಿ ಮುಚ್ಚಿಟ್ಟೆ' ಎಂದು ನಿಮ್ಮ ಕೈಯಾರೆ ಬರೆದು ಸಹಿ ಹಾಕಿ. ಅಂಚೆಗೆ ಮಾತ್ರ ಹಾಕಬೇಡಿ. ದೊಡ್ಡತ್ತೆಯನ್ನು ಕರೆದುಕೊಂಡು ನೀವೇ ಹೋಗಿ. ಗುಮಾಸ್ತರೂ ನಿಮ್ಮ ಹಾಗೇ ಹೇಳುತ್ತಾರೆ: ಹುಡುಗ ತಿಳಿದವನು, ಜನಕ್ಕೆ ಹೊಟ್ಟೆಕಿಚ್ಚು. ಹೇಳಲಿ. ಕುಡಿಯಲು ನೀರು ಕೊಟ್ಟರೆ ಕುಡಿಯಿರಿ. ಹೊರಗೆ ಹೋಗಿ ಅಂದರೆ ಜಗಲಿಯ ಮೇಲೆ ಕೂತುಕೊಳ್ಳಿ.

ಕೊನೆಯ ಸಾಲಿನವರೆಗೂ ಅವರು ಓದಲಿ. ಓದಿದ ಮೇಲೆ ಮಗಳನ್ನು ಕರೆದು ಅವಳ ಕೈಗೂ ಕೊಡಲಿ. ಅಲ್ಲಿಯವರೆಗೂ ಏಳಬೇಡಿ ಅಪ್ಪ.

ಯಾಕಮ್ಮ